ನಿವೃತ್ತ ಫುಟ್‌ಬಾಲ್ ಆಟಗಾರರ ಮಾಧ್ಯಮ ವೃತ್ತಿ

ನಿವೃತ್ತ ಫುಟ್‌ಬಾಲ್ ಆಟಗಾರರ ಮಾಧ್ಯಮ ವೃತ್ತಿ ಎಂದರೆ, ಮೈದಾನದ ಆಟ ಮುಗಿಸಿದ ವೃತ್ತಿಪರ ಆಟಗಾರರು ಟಿ.ವಿ., ರೇಡಿಯೊ, ಅಂತರಜಾಲ ಪ್ರಸಾರ ಮತ್ತು ಪತ್ರಿಕೆಗಳಲ್ಲಿ ವೀಕ್ಷಕ ವಿವರಣೆ, ವಿಶ್ಲೇಷಣೆ, ನಿರೂಪಣೆ ಇಲ್ಲವೇ ಅಂಕಣ ಬರವಣಿಗೆಯನ್ನು ಜೀವನೋಪಾಯವಾಗಿ ಕೈಗೊಳ್ಳುವುದು. ಇಂಗ್ಲೆಂಡಿನಲ್ಲಿ 1970ರ ದಶಕದಲ್ಲಿ ನೆಲೆಗೊಂಡ ಈ ವೃತ್ತಿ ಯುರೋಪು ಮತ್ತು ದಕ್ಷಿಣ ಅಮೆರಿಕಗಳಲ್ಲಿ ಬೆಳೆದು, ಖಾಸಗಿ ಕ್ರೀಡಾ ವಾಹಿನಿಗಳ ಜೊತೆ ಭಾರತಕ್ಕೆ ಬಂತು. ಕರ್ನಾಟಕದಲ್ಲಿ ಇದು ತಡವಾಗಿ, ಮುಖ್ಯವಾಗಿ ಬೆಂಗಳೂರಿನ ಕ್ಲಬ್‌ಗಳ ಮೂಲಕ ಕಾಣಿಸಿಕೊಂಡಿತು. ಕನ್ನಡ ಭಾಷೆಯ ಪ್ರಸಾರದಲ್ಲಿ ಈ ದಾರಿ ತೆರೆದವರು ಕ್ರಿಕೆಟಿಗರು.

ಹಿನ್ನೆಲೆ

ಫುಟ್‌ಬಾಲ್ ಆಟಗಾರನ ವೃತ್ತಿಜೀವನ ಚಿಕ್ಕದು. ಬಹುತೇಕರು 35ನೇ ವಯಸ್ಸಿನ ಆಸುಪಾಸಿನಲ್ಲಿ ನಿವೃತ್ತರಾಗುತ್ತಾರೆ. ಗೋಲ್‌ಕೀಪರ್‌ಗಳು ಕೆಲವು ವರ್ಷ ಹೆಚ್ಚು ಆಡಬಹುದು. ಮೊಣಕಾಲಿನ ಒಂದು ಗಾಯದಿಂದ ಮೂವತ್ತಕ್ಕೆ ಮೊದಲೇ ಆಟ ಬಿಟ್ಟವರೂ ಅನೇಕರು. ಆ ಬಳಿಕ ಎದುರಿಗಿರುವ ದಾರಿಗಳು ಕೆಲವೇ: ತರಬೇತಿ, ಕ್ಲಬ್ ಆಡಳಿತ, ಆಟಗಾರರ ಪ್ರತಿನಿಧಿಯ ಕೆಲಸ, ಸ್ವಂತ ವ್ಯಾಪಾರ, ಮಾಧ್ಯಮ. ತರಬೇತುದಾರನ ಹುದ್ದೆಗೆ ಹಂತಹಂತವಾಗಿ ಪರವಾನಗಿ ಪಡೆಯಬೇಕು. ಸೋತ ತಂಡದ ತರಬೇತುದಾರ ಋತುವಿನ ನಡುವೆಯೇ ಕೆಲಸ ಕಳೆದುಕೊಳ್ಳಬಹುದು. ಮಾಧ್ಯಮಕ್ಕೆ ಅಂಥ ಪರವಾನಗಿ ಬೇಕಿಲ್ಲ, ಆಟಗಾರನ ಹೆಸರೇ ಪ್ರವೇಶಪತ್ರ. ಆದರೆ ಹೆಸರಿನ ಬಲದಿಂದ ಒಳಬಂದವರಲ್ಲಿ ಬಹಳ ವರ್ಷ ಉಳಿದವರು ಕಡಿಮೆ.

ಉಗಮ ಮತ್ತು ಬೆಳವಣಿಗೆ

ಬಿಬಿಸಿ 1927ರ ಜನವರಿ 22ರಂದು ಲಂಡನ್ನಿನ ಹೈಬರಿ ಮೈದಾನದಿಂದ ಆರ್ಸೆನಲ್–ಶೆಫೀಲ್ಡ್ ಯುನೈಟೆಡ್ ಪಂದ್ಯದ ವಿವರಣೆಯನ್ನು ರೇಡಿಯೊದಲ್ಲಿ ನೇರವಾಗಿ ಬಿತ್ತರಿಸಿತು. ವಿವರಣೆ ಕೊಟ್ಟ ಟೆಡ್ಡಿ ವೇಕ್‌ಲಮ್ ಹಿಂದೆ ರಗ್ಬಿ ಆಡಿದವರು. ಮೈದಾನವನ್ನು ಚೌಕಗಳಾಗಿ ವಿಂಗಡಿಸಿದ ನಕ್ಷೆಯನ್ನು ಕಾರ್ಯಕ್ರಮ ಪತ್ರಿಕೆಯಲ್ಲಿ ಮೊದಲೇ ಅಚ್ಚು ಹಾಕಿ, ಚೆಂಡು ಯಾವ ಚೌಕದಲ್ಲಿದೆ ಎಂಬುದನ್ನು ಕೇಳುಗರಿಗೆ ಸಂಖ್ಯೆಯಿಂದ ತಿಳಿಸುವ ಏರ್ಪಾಡಾಗಿತ್ತು. ಹೀಗೆ ಮೊದಲ ದಿನದಿಂದಲೇ ಆಡಿ ಬಲ್ಲವನ ಕೈಗೆ ಮೈಕು ಬಂದಿತ್ತು. ಆದರೂ ಮುಂದಿನ ನಾಲ್ಕು ದಶಕ ಈ ಕೆಲಸ ಹೆಚ್ಚಾಗಿ ಪತ್ರಕರ್ತರ ಮತ್ತು ಪ್ರಸಾರ ಸಂಸ್ಥೆಯ ನೌಕರರ ವಶದಲ್ಲಿತ್ತು. ಬಿಬಿಸಿಯ ‘ಮ್ಯಾಚ್ ಆಫ್ ದ ಡೇ’ 1964ರ ಆಗಸ್ಟ್ 22ರಂದು ಆರಂಭವಾದಾಗ ವಿವರಣೆ ಕೊಟ್ಟ ಕೆನೆತ್ ವೊಲ್‌ಸ್ಟನ್‌ಹೋಮ್ ಕೂಡ ಆ ಪರಂಪರೆಯವರೇ.

ತಿರುವು ಬಂದದ್ದು 1970ರ ವಿಶ್ವಕಪ್‌ನಲ್ಲಿ. ಮೆಕ್ಸಿಕೊದ ಪಂದ್ಯಗಳಿಗೆ ಬ್ರಿಟನ್ನಿನ ಐಟಿವಿ ವಾಹಿನಿ ಮಾಲ್ಕಮ್ ಆಲಿಸನ್, ಡೆರೆಕ್ ಡೂಗನ್, ಪ್ಯಾಟ್ ಕ್ರೆರಂಡ್ ಮತ್ತು ಬಾಬ್ ಮೆಕ್‌ನ್ಯಾಬ್ ಅವರನ್ನು ಸ್ಟುಡಿಯೊದಲ್ಲಿ ಕೂರಿಸಿ ವಾದಕ್ಕೆ ಬಿಟ್ಟಿತು. ಅವರ ಬಿಚ್ಚುಮಾತಿನ ಜಗಳ ಪಂದ್ಯದಷ್ಟೇ ಜನಪ್ರಿಯವಾಯಿತು. ಈ ಏರ್ಪಾಡಿನ ಹಿಂದಿದ್ದ ಜಿಮ್ಮಿ ಹಿಲ್ ಸ್ವತಃ ಫುಲಂ ಕ್ಲಬ್ಬಿನ ಹಳೆಯ ಆಟಗಾರ. ಆಟಗಾರರ ಸಂಘದ ಅಧ್ಯಕ್ಷರಾಗಿ, ವಾರಕ್ಕೆ 20 ಪೌಂಡ್‌ಗಳ ವೇತನ ಮಿತಿಯನ್ನು 1961ರಲ್ಲಿ ತೆಗೆಸಿದವರೂ ಅವರೇ. ಆಟಗಾರ, ಸಂಘಟಕ, ತಂಡದ ವ್ಯವಸ್ಥಾಪಕ, ವಾಹಿನಿಯ ಕ್ರೀಡಾ ಮುಖ್ಯಸ್ಥ, ನಿರೂಪಕ ಎಂಬ ಐದೂ ಪಾತ್ರಗಳನ್ನು ನಿರ್ವಹಿಸಿದ ಹಿಲ್ ಅವರಿಗೆ ಈ ವೃತ್ತಿಯ ಇತಿಹಾಸದಲ್ಲಿ ಮೊದಲ ಸ್ಥಾನ ಸಲ್ಲಬೇಕು. ಆರ್ಸೆನಲ್ ಗೋಲ್‌ಕೀಪರ್ ಬಾಬ್ ವಿಲ್ಸನ್ 1974ರಲ್ಲಿ ನಿವೃತ್ತರಾದೊಡನೆ ಬಿಬಿಸಿಯ ನಿರೂಪಕರಾದರು. ಇಯಾನ್ ಸೇಂಟ್ ಜಾನ್ ಮತ್ತು ಜಿಮ್ಮಿ ಗ್ರೀವ್ಸ್ ಜೋಡಿ 1985ರಿಂದ 1992ರವರೆಗೆ ಐಟಿವಿಯಲ್ಲಿ ಹಾಸ್ಯ ಬೆರೆತ ಕಾರ್ಯಕ್ರಮ ನಡೆಸಿತು.

1992ರಲ್ಲಿ ಇಂಗ್ಲಿಷ್ ಪ್ರೀಮಿಯರ್ ಲೀಗ್ ಆರಂಭವಾಗಿ, ಐದು ವರ್ಷಗಳ ಪ್ರಸಾರ ಹಕ್ಕಿಗೆ 304 ಮಿಲಿಯನ್ ಪೌಂಡ್‌ಗಳ ಒಪ್ಪಂದವಾಯಿತು. ಅಷ್ಟು ಹಣ ಕೊಟ್ಟ ಮೇಲೆ ಪಂದ್ಯದ 90 ನಿಮಿಷ ಮಾತ್ರ ತೋರಿಸಿದರೆ ವಾಹಿನಿಗೆ ಗಿಟ್ಟುವುದಿಲ್ಲ. ಪಂದ್ಯದ ಹಿಂದೆ ಮುಂದೆ ಗಂಟೆಗಟ್ಟಲೆ ಕಾರ್ಯಕ್ರಮ ಬೇಕು, ಅದನ್ನು ತುಂಬಲು ಮಾತುಬಲ್ಲ ಆಟಗಾರರು ಬೇಕು. ಸ್ಕೈ ವಾಹಿನಿಯಲ್ಲಿ ಆ್ಯಂಡಿ ಗ್ರೇ ಪರದೆಯ ಮೇಲೆ ಗೆರೆ, ಬಾಣ ಎಳೆದು ಆಟದ ವ್ಯೂಹ ವಿವರಿಸುವ ಕ್ರಮವನ್ನು ಜನಪ್ರಿಯಗೊಳಿಸಿದರು. ಬಿಬಿಸಿಯಲ್ಲಿ ಲಿವರ್‌ಪೂಲ್‌ನ ಹಳೆಯ ಡಿಫೆಂಡರ್ ಆ್ಯಲನ್ ಹ್ಯಾನ್ಸನ್ 1992ರಿಂದ 2014ರವರೆಗೆ ವಿಶ್ಲೇಷಕರಾಗಿದ್ದರು. ಗೋಲು ಹೊಡೆದವನನ್ನು ಹೊಗಳುವುದಕ್ಕಿಂತ, ಗೋಲು ಆಗಲು ರಕ್ಷಣಾ ಸಾಲಿನಲ್ಲಿ ಯಾರು ಜಾಗ ತಪ್ಪಿದರು ಎಂದು ತೋರಿಸಿದ್ದು ಅವರ ವೈಶಿಷ್ಟ್ಯ. 1995ರ ಆಗಸ್ಟ್‌ನಲ್ಲಿ ಮ್ಯಾಂಚೆಸ್ಟರ್ ಯುನೈಟೆಡ್ ಮೊದಲ ಪಂದ್ಯ ಸೋತಾಗ, ಎಳೆಯರ ತಂಡ ಪ್ರಶಸ್ತಿ ಗೆಲ್ಲದು ಎಂದು ಅವರು ನುಡಿದ ಭವಿಷ್ಯ ಸುಳ್ಳಾಯಿತು. ಆ ಋತುವಿನಲ್ಲಿ ಯುನೈಟೆಡ್ ಲೀಗ್ ಮತ್ತು ಎಫ್.ಎ. ಕಪ್ ಎರಡನ್ನೂ ಗೆದ್ದಿತು.

ಈ ವೃತ್ತಿಯ ಪ್ರಾತಿನಿಧಿಕ ಉದಾಹರಣೆ ಗ್ಯಾರಿ ಲಿನೆಕರ್. 1986ರ ವಿಶ್ವಕಪ್‌ನಲ್ಲಿ 6 ಗೋಲು ಹೊಡೆದು ಅತಿಹೆಚ್ಚು ಗೋಲು ಗಳಿಸಿದವರಾದ ಅವರು ಇಂಗ್ಲೆಂಡ್ ಪರ ಒಟ್ಟು 48 ಗೋಲು ಗಳಿಸಿ, 1994ರಲ್ಲಿ ಜಪಾನಿನ ನಗೋಯಾ ಕ್ಲಬ್ಬಿನಲ್ಲಿ ಆಟ ಮುಗಿಸಿದರು. ಆರಂಭದಲ್ಲಿ ವಿಶ್ಲೇಷಕರಾಗಿದ್ದು, 1999ರಿಂದ 2025ರವರೆಗೆ ‘ಮ್ಯಾಚ್ ಆಫ್ ದ ಡೇ’ಯ ನಿರೂಪಕರಾಗಿದ್ದರು. ಆಟಗಾರನೊಬ್ಬ ಪಕ್ಕದ ಕುರ್ಚಿಯಿಂದ ಮುಖ್ಯ ಕುರ್ಚಿಗೆ ಬಂದು ಕಾಲು ಶತಮಾನ ಉಳಿದದ್ದು ಅಪರೂಪ.

ಇತರ ದೇಶಗಳಲ್ಲಿ ಇದು ಬೇರೆ ಬೇರೆ ರೂಪ ತಳೆಯಿತು. ಜರ್ಮನಿಯ ಎಆರ್‌ಡಿ ವಾಹಿನಿಯಲ್ಲಿ ಹಳೆಯ ಮಿಡ್‌ಫೀಲ್ಡರ್ ಗುಂಟರ್ ನೆಟ್ಸರ್ ಮತ್ತು ಪತ್ರಕರ್ತ ಗೆರ್ಹಾರ್ಡ್ ಡೆಲಿಂಗ್ ಅವರ ಸಂವಾದ 2010ರವರೆಗೆ ನಡೆಯಿತು. ಅದಕ್ಕೆ ದೇಶದ ಪ್ರತಿಷ್ಠಿತ ಗ್ರಿಮ್ಮೆ ಟಿ.ವಿ. ಪ್ರಶಸ್ತಿಯೂ ಬಂತು. ಬ್ರೆಜಿಲ್‌ನ ತೊಸ್ತಾವ್ 1970ರ ವಿಶ್ವಕಪ್ ಗೆದ್ದ ತಂಡದವರು. ಕಣ್ಣಿನ ತೊಂದರೆಯಿಂದ 1973ರಲ್ಲಿ, ಇನ್ನೂ 26ರ ವಯಸ್ಸಿನಲ್ಲಿ ಆಟ ಬಿಟ್ಟು ವೈದ್ಯರಾದರು. ಬಹಳ ವರ್ಷಗಳ ಬಳಿಕ ಪತ್ರಿಕಾ ಅಂಕಣಕಾರರಾಗಿ ಹೆಸರು ಮಾಡಿದರು.

ಹೊಣೆಗಾರಿಕೆಗಳು

ಪ್ರಸಾರದಲ್ಲಿ ಹಳೆಯ ಆಟಗಾರ ವಹಿಸುವ ಹೊಣೆಗಳಲ್ಲಿ ಸಹ ವಿವರಣೆ ಎಲ್ಲಕ್ಕಿಂತ ಸಾಮಾನ್ಯ. ಮುಖ್ಯ ವಿವರಣೆಗಾರ ಚೆಂಡಿನ ಚಲನೆಯನ್ನು, ಆಟಗಾರರ ಹೆಸರುಗಳನ್ನು ಬಿಡದೆ ಹೇಳುತ್ತಾನೆ. ಆಟ ನಿಂತಾಗ ಅಥವಾ ಮರುದೃಶ್ಯ ಬಂದಾಗ ಸಹ ವಿವರಣೆಗಾರ ಕಾರಣ ಹೇಳುತ್ತಾನೆ. ಮೊದಲನೆಯ ಕೆಲಸಕ್ಕೆ ಬೇಕಾದ ವೇಗ, ಉಸಿರಿನ ಹಿಡಿತ, ಪದಸಂಪತ್ತು ದೀರ್ಘ ಅಭ್ಯಾಸದಿಂದ ಬರುವಂಥವು. ಹಾಗಾಗಿ ಮುಖ್ಯ ವಿವರಣೆಗಾರರು ಇಂದಿಗೂ ಬಹುಪಾಲು ಆಟಗಾರರಲ್ಲದವರೇ. ಮಲಯಾಳಂ ಪ್ರಸಾರದಲ್ಲಿ ಅತ್ಯಂತ ಜನಪ್ರಿಯರಾದ ಶೈಜು ದಾಮೋದರನ್ ಪತ್ರಕರ್ತರು. ಭಾರತೀಯ ಫುಟ್‌ಬಾಲಿನ ದನಿ ಎನಿಸಿದ್ದ, 2021ರಲ್ಲಿ ನಿಧನರಾದ ನೋವಿ ಕಪಾಡಿಯಾ ದೆಹಲಿಯ ಕಾಲೇಜೊಂದರ ಇಂಗ್ಲಿಷ್ ಪ್ರಾಧ್ಯಾಪಕರಾಗಿದ್ದರು.

ಸ್ಟುಡಿಯೊ ವಿಶ್ಲೇಷಕ ಪಂದ್ಯದ ಮೊದಲು, ವಿರಾಮದಲ್ಲಿ, ಮುಗಿದ ಮೇಲೆ ಮಾತನಾಡುತ್ತಾನೆ. ನಿರೂಪಕನದು ಇದಕ್ಕಿಂತ ಕಠಿಣ ಕೆಲಸ. ಅವನು ಅಭಿಪ್ರಾಯ ಹೇಳುವವನಲ್ಲ, ಹೇಳಿಸುವವನು. ಸಮಯ ಪಾಲನೆ, ಪ್ರಶ್ನೆ, ಜಾಹೀರಾತಿಗೆ ದಾಟುವ ಮಾತು ಎಲ್ಲ ಅವನದೇ. ಮೈದಾನದ ಅಂಚಿನ ವರದಿಗಾರ, ಪತ್ರಿಕಾ ಅಂಕಣಕಾರ, ಪಾಡ್‌ಕಾಸ್ಟ್ ನಡೆಸುವವ ಎಂಬ ಹೊಣೆಗಳೂ ಸೇರಿಕೊಂಡಿವೆ. ಅಂಕಣಗಳಲ್ಲಿ ಕೆಲವನ್ನು ಆಟಗಾರ ಹೇಳಿದ್ದನ್ನು ಕೇಳಿಕೊಂಡು ಪತ್ರಕರ್ತರು ಬರೆದುಕೊಡುತ್ತಾರೆ.

ಕೆಲಸದ ಕ್ರಮ

ಪ್ರಸಾರದ ತಂಡ ಪಂದ್ಯಕ್ಕೆ ಗಂಟೆಗಳ ಮೊದಲೇ ಸೇರುತ್ತದೆ. ಎರಡೂ ತಂಡಗಳ ಇತ್ತೀಚಿನ ಪಂದ್ಯಗಳು, ಗಾಯಾಳುಗಳ ವಿವರ, ಆಟಗಾರರ ಹೆಸರುಗಳ ಉಚ್ಚಾರಣೆ ಇವನ್ನೆಲ್ಲ ಒಳಗೊಂಡ ಟಿಪ್ಪಣಿ ಸಿದ್ಧವಾಗುತ್ತದೆ. ನೇರ ಪ್ರಸಾರ ಆರಂಭವಾದ ಮೇಲೆ ನಿರ್ಮಾಪಕ ಕಿವಿಯ ಸಾಧನದ ಮೂಲಕ ಸೂಚನೆ ಕೊಡುತ್ತಲೇ ಇರುತ್ತಾನೆ. ಒಂದು ಕಿವಿಯಲ್ಲಿ ಸೂಚನೆ ಕೇಳುತ್ತ, ಬಾಯಿಯಲ್ಲಿ ವಾಕ್ಯ ಮುಗಿಸುವುದು ಹೊಸಬರಿಗೆ ಕಷ್ಟದ ಪಾಠ.

ವಿಶ್ಲೇಷಕನ ನಿಜವಾದ ದುಡಿಮೆ ನಡೆಯುವುದು ಮೊದಲಾರ್ಧದಲ್ಲಿ. ಅವನು ಪರದೆ ನೋಡುತ್ತ ಮುಖ್ಯ ಘಟನೆಗಳ ನಿಮಿಷ ಗುರುತಿಸಿ ಸಂಕಲನಕಾರನಿಗೆ ಹೇಳುತ್ತಾನೆ. ಸಂಕಲನಕಾರ ಆ ತುಣುಕುಗಳನ್ನು ಕತ್ತರಿಸಿ, ಗೆರೆ, ವೃತ್ತ, ಬಾಣಗಳನ್ನು ಸೇರಿಸಿ ಕೊಡುತ್ತಾನೆ. ವಿರಾಮ 15 ನಿಮಿಷದ್ದಾದರೂ ಖಾಸಗಿ ವಾಹಿನಿಗಳಲ್ಲಿ ಜಾಹೀರಾತು ಕಳೆದು ವಿಶ್ಲೇಷಣೆಗೆ ಉಳಿಯುವುದು ಕೆಲವೇ ನಿಮಿಷ. ಅಷ್ಟರಲ್ಲಿ ಎರಡು ಮೂರು ಅಂಶಗಳನ್ನು, ಆಟ ಬಲ್ಲವನಿಗೂ ಹೊಸಬನಿಗೂ ತಿಳಿಯುವಂತೆ ಹೇಳಿ ಮುಗಿಸಬೇಕು. ಪ್ರಾದೇಶಿಕ ಭಾಷೆಗಳ ಪ್ರಸಾರದಲ್ಲಿ ವಿವರಣೆಗಾರರು ಸಾಮಾನ್ಯವಾಗಿ ಮೈದಾನದಲ್ಲಿ ಇರುವುದಿಲ್ಲ. ಸ್ಟುಡಿಯೊದ ಪರದೆಯಲ್ಲಿ ಬರುವ ದೃಶ್ಯವನ್ನೇ ನೋಡಿ ಮಾತನಾಡುತ್ತಾರೆ. ಕ್ಯಾಮೆರಾ ತೋರಿಸದ ಜಾಗದಲ್ಲಿ ನಡೆಯುವ ಆಟಗಾರರ ಓಟವನ್ನು ಊಹಿಸಿ ಹೇಳಲು ಆಡಿದ ಅನುಭವ ಹೆಚ್ಚು ನೆರವಾಗುವುದು ಇಲ್ಲಿಯೇ.

ತರಬೇತಿ ಮತ್ತು ಪ್ರವೇಶ

ಗಾಯಗೊಂಡು ಇಲ್ಲವೇ ತಂಡ ಸೋತು ಹೊರಗುಳಿದ ಅವಧಿಯಲ್ಲಿ ಸ್ಟುಡಿಯೊಗೆ ಅತಿಥಿಯಾಗಿ ಹೋಗುವುದರಿಂದ ಅನೇಕರ ಪ್ರವೇಶ ಆಗುತ್ತದೆ. ಲಿನೆಕರ್ 1986ರ ವಿಶ್ವಕಪ್‌ನಲ್ಲಿ ಇಂಗ್ಲೆಂಡ್ ಸೋತು ಹೊರಬಿದ್ದ ಮೇಲೆ ಬಿಬಿಸಿಯ ಫೈನಲ್ ಪ್ರಸಾರದಲ್ಲಿ ಕುಳಿತಿದ್ದರು. ಕ್ರಮಬದ್ಧ ಶಿಕ್ಷಣದ ಏರ್ಪಾಡೂ ಇದೆ. ಇಂಗ್ಲೆಂಡಿನ ಸ್ಟಾಫರ್ಡ್‌ಶೈರ್ ವಿಶ್ವವಿದ್ಯಾಲಯ ಆಟಗಾರರ ಸಂಘದ ಸದಸ್ಯರಿಗಾಗಿ ಕ್ರೀಡಾ ಬರವಣಿಗೆ ಮತ್ತು ಪ್ರಸಾರದ ಪದವಿ ನಡೆಸಿದೆ. ಆರ್ಸೆನಲ್ ಮತ್ತು ಇಂಗ್ಲೆಂಡ್ ತಂಡಗಳ ಡಿಫೆಂಡರ್ ಅಲೆಕ್ಸ್ ಸ್ಕಾಟ್ ಅಲ್ಲಿ ಓದಿದವರು. 140 ಅಂತರರಾಷ್ಟ್ರೀಯ ಪಂದ್ಯಗಳನ್ನಾಡಿ 2018ರಲ್ಲಿ ನಿವೃತ್ತರಾದ ಅವರು ಅದೇ ವರ್ಷ ಬಿಬಿಸಿಯ ಪುರುಷರ ವಿಶ್ವಕಪ್ ಪ್ರಸಾರದಲ್ಲಿ ವಿಶ್ಲೇಷಕಿಯಾದರು, 2021ರಲ್ಲಿ ‘ಫುಟ್‌ಬಾಲ್ ಫೋಕಸ್’ನ ನಿರೂಪಕಿಯಾದರು. ಮಹಿಳಾ ಆಟಗಾರ್ತಿಯರಿಗೆ ಈ ಕ್ಷೇತ್ರದ ಬಾಗಿಲು ತೆರೆದದ್ದು ಪುರುಷರಿಗಿಂತ ಸುಮಾರು ಅರ್ಧ ಶತಮಾನ ತಡವಾಗಿ.

ಭಾರತದಲ್ಲಿ 2006ರಲ್ಲಿ ಬೈಚುಂಗ್ ಭುಟಿಯಾ ಮುಂದಾಳತ್ವದಲ್ಲಿ ಆಟಗಾರರ ಸಂಘ ಸ್ಥಾಪನೆಯಾಯಿತಾದರೂ ಇಲ್ಲಿನ ಆಟಗಾರರು ಬಹುತೇಕ ಕೆಲಸ ಮಾಡುತ್ತಲೇ ಕಲಿತಿದ್ದಾರೆ.

ನಿಯಮ ಮತ್ತು ವಿವಾದ

ಮೈಕಿನ ಮುಂದಿನ ಮಾತಿಗೆ ಹೊಣೆ ಇದೆ ಎಂಬುದನ್ನು ಈ ವೃತ್ತಿ ಕೆಲವು ಕಹಿ ಪ್ರಸಂಗಗಳಿಂದ ಕಲಿತಿದೆ. ಹಳೆಯ ಆಟಗಾರ ಮತ್ತು ವ್ಯವಸ್ಥಾಪಕ ರಾನ್ ಅಟ್ಕಿನ್‌ಸನ್ 2004ರಲ್ಲಿ ಆಟಗಾರನೊಬ್ಬನ ಬಗ್ಗೆ ಆಡಿದ ಜನಾಂಗೀಯ ನಿಂದನೆಯ ಮಾತು ಪ್ರಸಾರವಾಗಿ ಐಟಿವಿಗೆ ರಾಜೀನಾಮೆ ಕೊಟ್ಟರು. ಮಹಿಳಾ ಸಹಾಯಕ ರೆಫರಿಯ ಬಗ್ಗೆ ಆಡಿದ ಅವಹೇಳನದ ಮಾತುಗಳು ಹೊರಬಂದ ಮೇಲೆ ಆ್ಯಂಡಿ ಗ್ರೇ 2011ರ ಜನವರಿಯಲ್ಲಿ ಸ್ಕೈ ವಾಹಿನಿಯಿಂದ ವಜಾ ಆದರು.

ನಿಷ್ಪಕ್ಷಪಾತದ ಪ್ರಶ್ನೆ ಇನ್ನೂ ಜಟಿಲ. ಬ್ರಿಟಿಷ್ ಸರ್ಕಾರದ ಆಶ್ರಯ ನೀತಿಯನ್ನು ಲಿನೆಕರ್ ಜಾಲತಾಣದಲ್ಲಿ ಟೀಕಿಸಿದ್ದಕ್ಕೆ 2023ರ ಮಾರ್ಚ್‌ನಲ್ಲಿ ಬಿಬಿಸಿ ಅವರನ್ನು ಕಾರ್ಯಕ್ರಮದಿಂದ ದೂರವಿಟ್ಟಿತು. ಸಹ ವಿಶ್ಲೇಷಕರೂ ವಿವರಣೆಗಾರರೂ ಹಿಂದೆ ಸರಿದರು. ಮಾರ್ಚ್ 11ರಂದು ‘ಮ್ಯಾಚ್ ಆಫ್ ದ ಡೇ’ ನಿರೂಪಕರಿಲ್ಲದೆ, ವಿವರಣೆಯಿಲ್ಲದೆ ಸುಮಾರು 20 ನಿಮಿಷಕ್ಕೆ ಮುಗಿಯಿತು. ಅವರು ಮರಳುವರೆಂದು ಎರಡೇ ದಿನಗಳಲ್ಲಿ ತೀರ್ಮಾನವಾಯಿತಾದರೂ, ಮತ್ತೊಂದು ಜಾಲತಾಣ ಪೋಸ್ಟಿನ ವಿವಾದದ ಬಳಿಕ 2025ರ ಮೇ ತಿಂಗಳಲ್ಲಿ ಬಿಬಿಸಿ ತೊರೆದರು. ಅವರ ಸಂಭಾವನೆಯೂ ಸಾರ್ವಜನಿಕ ಚರ್ಚೆಯ ವಿಷಯವಾಗಿತ್ತು. 2023–24ರಲ್ಲಿ ಅದು ಸುಮಾರು 13.5 ಲಕ್ಷ ಪೌಂಡ್.

ತಾನು ಆಡಿದ ಕ್ಲಬ್ಬಿನ, ತನ್ನ ಗೆಳೆಯನ ತರಬೇತಿಯಲ್ಲಿರುವ ತಂಡದ ಆಟವನ್ನು ನಿಷ್ಠುರವಾಗಿ ನೋಡಬಲ್ಲನೇ ಎಂಬುದು ಪ್ರತಿಯೊಬ್ಬ ವಿಶ್ಲೇಷಕನ ಮುಂದಿರುವ ಪ್ರಶ್ನೆ. ಗ್ಯಾರಿ ನೆವಿಲ್ ತಾವು ಆಡಿದ್ದ ಮ್ಯಾಂಚೆಸ್ಟರ್ ಯುನೈಟೆಡ್ ಬಗ್ಗೆ, ಜೇಮಿ ಕ್ಯಾರಗರ್ ತಾವು ಆಡಿದ್ದ ಲಿವರ್‌ಪೂಲ್ ಬಗ್ಗೆ ಮುಲಾಜಿಲ್ಲದೆ ಮಾತನಾಡಿದ್ದರಿಂದಲೇ ವಿಶ್ವಾಸ ಗಳಿಸಿದರು.

ಭಾರತದಲ್ಲಿ

ಆಕಾಶವಾಣಿಯ ಕಾಲದಲ್ಲಿ ಫುಟ್‌ಬಾಲ್ ವಿವರಣೆಯ ತವರು ಕೋಲ್ಕತ್ತ. ಬಂಗಾಳಿಯಲ್ಲಿ ಅಜಯ್ ಬಸು, ಪುಷ್ಪೇನ್ ಸರ್ಕಾರ್ ಮನೆಮಾತಾಗಿದ್ದರು. 1986ರ ವಿಶ್ವಕಪ್ ಪಂದ್ಯಗಳನ್ನು ದೂರದರ್ಶನ ತೋರಿಸಿದಾಗ ದೇಶದ ಬಹುಭಾಗಕ್ಕೆ ವಿಶ್ವಮಟ್ಟದ ಆಟ ಮೊದಲ ಬಾರಿ ಕಣ್ಣಿಗೆ ಬಿತ್ತು. ರಾಷ್ಟ್ರೀಯ ಫುಟ್‌ಬಾಲ್ ಲೀಗ್ 1996ರಲ್ಲಿ ಆರಂಭವಾದರೂ ಅದಕ್ಕೆ ನಿರಂತರ ಪ್ರಸಾರ ದೊರೆಯಲಿಲ್ಲ. ಅಖಿಲ ಭಾರತ ಫುಟ್‌ಬಾಲ್ ಫೆಡರೇಷನ್ 2010ರಲ್ಲಿ 15 ವರ್ಷಗಳ ವಾಣಿಜ್ಯ ಹಕ್ಕನ್ನು 700 ಕೋಟಿ ರೂಪಾಯಿಗೆ ಖಾಸಗಿ ಸಂಸ್ಥೆಗೆ ಕೊಟ್ಟಿತು. ಆ ಒಪ್ಪಂದದ ಫಲವಾಗಿ ಇಂಡಿಯನ್ ಸೂಪರ್ ಲೀಗ್ (ಐಎಸ್‌ಎಲ್) 2014ರ ಅಕ್ಟೋಬರ್ 12ರಂದು ಸ್ಟಾರ್ ವಾಹಿನಿಗಳಲ್ಲಿ ಹಲವು ಭಾಷೆಗಳೊಂದಿಗೆ ಆರಂಭವಾಯಿತು. ನಿವೃತ್ತ ಭಾರತೀಯ ಆಟಗಾರನಿಗೆ ಪ್ರತಿ ಋತುವಿಗೂ ಕೆಲಸ ಸಿಗಬಹುದಾದ ಸ್ಥಿತಿ ಬಂದದ್ದು ಆಗಲೇ.

ಭುಟಿಯಾ 2009ರಲ್ಲಿ ಇನ್ನೂ ಆಡುತ್ತಿದ್ದಾಗಲೇ ‘ಝಲಕ್ ದಿಖ್ಲಾ ಜಾ’ ನೃತ್ಯ ಸ್ಪರ್ಧೆಯಲ್ಲಿ ಗೆದ್ದು ಕಿರುತೆರೆಯ ಪರಿಚಿತ ಮುಖವಾಗಿದ್ದರು. ಕೇರಳದ ಐ.ಎಂ. ವಿಜಯನ್ ಚಲನಚಿತ್ರಗಳತ್ತ ಹೋದರು. ಭಾರತ ತಂಡದ ಮಾಜಿ ನಾಯಕ ರೆನೆಡಿ ಸಿಂಗ್ ಐಎಸ್‌ಎಲ್ ಪ್ರಸಾರಗಳಲ್ಲಿ ವಿಶ್ಲೇಷಕರಾಗಿ ಕೆಲಸ ಮಾಡಿ, ಬಳಿಕ ಬೆಂಗಳೂರು ಎಫ್‌ಸಿಯ ಸಹಾಯಕ ತರಬೇತುದಾರರಾದರು.

ಕರ್ನಾಟಕದಲ್ಲಿ

ಬೆಂಗಳೂರು ಹಳೆಯ ಫುಟ್‌ಬಾಲ್ ನೆಲೆ. 1948ರ ಲಂಡನ್ ಒಲಿಂಪಿಕ್ಸ್‌ನಲ್ಲಿ ಫ್ರಾನ್ಸ್ ವಿರುದ್ಧ ಭಾರತದ ಮೊದಲ ಒಲಿಂಪಿಕ್ ಗೋಲು ಹೊಡೆದ ಸಾರಂಗಪಾಣಿ ರಾಮನ್ ಇಲ್ಲಿಯವರು. ಮೈಸೂರು ರಾಜ್ಯ ತಂಡ 1946–47, 1952–53, 1967–68 ಮತ್ತು 1968–69ರಲ್ಲಿ, ರಾಜ್ಯ ತಂಡಗಳ ರಾಷ್ಟ್ರೀಯ ಸ್ಪರ್ಧೆಯಾದ ಸಂತೋಷ್ ಟ್ರೋಫಿ ಗೆದ್ದಿತು. ಅದಾದ 54 ವರ್ಷಗಳ ನಂತರ, 2023ರ ಮಾರ್ಚ್ 4ರಂದು, ರಿಯಾದ್‌ನಲ್ಲಿ ಮೇಘಾಲಯವನ್ನು 3–2ರಿಂದ ಸೋಲಿಸಿ ಕರ್ನಾಟಕ ಮತ್ತೆ ಗೆದ್ದಿತು.

ಇಷ್ಟು ದೊಡ್ಡ ಪರಂಪರೆಯಿಂದ ಮಾಧ್ಯಮಕ್ಕೆ ಬಂದ ಆಟಗಾರರ ಪೀಳಿಗೆ ಬೆಳೆಯದಿರುವುದಕ್ಕೆ ಮೊದಲ ಕಾರಣ ಉದ್ಯೋಗ ವ್ಯವಸ್ಥೆ. ಐಟಿಐ, ಎಚ್ಎಎಲ್, ಸಿಐಎಲ್, ಎಂಇಜಿ, ಎಎಸ್‌ಸಿ ಮುಂತಾದ ತಂಡಗಳ ಆಟಗಾರರು ಕಾರ್ಖಾನೆ, ಕಚೇರಿ, ಸೇನಾ ಘಟಕಗಳ ನೌಕರರಾಗಿದ್ದರು. ಬೂಟು ಬಿಚ್ಚಿಟ್ಟ ಮೇಲೂ ಕೆಲಸ ಉಳಿಯುತ್ತಿತ್ತು, ಮುಂದೆ ಪಿಂಚಣಿಯೂ ಇತ್ತು. ಎರಡನೆಯ ವೃತ್ತಿ ಹುಡುಕುವ ತುರ್ತು ಅವರಿಗಿರಲಿಲ್ಲ, ಅವರನ್ನು ಹುಡುಕಿಕೊಂಡು ಬರುವ ವಾಹಿನಿಯೂ ಇರಲಿಲ್ಲ. ಆಸ್ಟಿನ್ ಟೌನ್, ಗೌತಮಪುರದಂಥ ಬಡಾವಣೆಗಳಲ್ಲಿ ಬೆಳೆದ ಆಟಗಾರರಲ್ಲಿ ಹಲವರ ಮನೆಮಾತು ತಮಿಳು. ಕನ್ನಡ ಪ್ರಸಾರ ಬಂದಾಗ ಇದೂ ಒಂದು ಅಂತರವಾಯಿತು.

ಸಂಪೂರ್ಣ ವೃತ್ತಿಪರ ಕ್ಲಬ್ಬಾಗಿ ಬೆಂಗಳೂರು ಎಫ್‌ಸಿ 2013ರಲ್ಲಿ ಹುಟ್ಟಿತು. 2013–14 ಮತ್ತು 2015–16ರಲ್ಲಿ ರಾಷ್ಟ್ರಮಟ್ಟದ ಐ–ಲೀಗ್, 2018–19ರಲ್ಲಿ ಐಎಸ್‌ಎಲ್ ಗೆದ್ದಿತು. ಈ ಕ್ಲಬ್ಬಿನ ಮತ್ತು ನಗರದ ಇತರ ಕ್ಲಬ್‌ಗಳ ನಂಟಿರುವ ಹಲವರು ಪರದೆಗೆ ಬಂದಿದ್ದಾರೆ. ಬೆಂಗಳೂರು ಎಫ್‌ಸಿಗೆ ಮೊದಲ ಐ–ಲೀಗ್ ಗೆದ್ದುಕೊಟ್ಟ ತಂಡದ ಮುಂಪಡೆ ಆಟಗಾರ ರಾಬಿನ್ ಸಿಂಗ್ ನಂತರ ಐಎಸ್‌ಎಲ್ ಪ್ರಸಾರದ ತಜ್ಞರಾದರು. ಅದೇ ಕ್ಲಬ್ಬಿನ ಮೊದಲ ತರಬೇತುದಾರ, ಇಂಗ್ಲೆಂಡಿನ ಮಾಜಿ ಡಿಫೆಂಡರ್ ಆ್ಯಶ್ಲಿ ವೆಸ್ಟ್‌ವುಡ್ ಸೋನಿ ವಾಹಿನಿಯ ವಿಶ್ಲೇಷಕರಾಗಿದ್ದು, ಮತ್ತೆ ತರಬೇತಿಗೆ ಮರಳಿ ಅಫ್ಗಾನಿಸ್ತಾನ ಮತ್ತು ಹಾಂಗ್‌ಕಾಂಗ್ ತಂಡಗಳ ಹೊಣೆ ಹೊತ್ತರು. ವಿಂಬಲ್ಡನ್ ಕ್ಲಬ್ ಪರ 1988ರ ಎಫ್.ಎ. ಕಪ್ ಗೆದ್ದ, ಐರ್ಲೆಂಡ್ ಪರ 1994ರ ವಿಶ್ವಕಪ್ ಆಡಿದ ಟೆರ್ರಿ ಫೆಲಾನ್ ಬೆಂಗಳೂರಿನ ಸೌತ್ ಯುನೈಟೆಡ್ ಕ್ಲಬ್ಬಿನ ತಾಂತ್ರಿಕ ನಿರ್ದೇಶಕರಾಗಿದ್ದುಕೊಂಡೇ ಸೋನಿಯ ಸ್ಟುಡಿಯೊದಲ್ಲಿ ಕುಳಿತರು. ತರಬೇತಿ ಮತ್ತು ಮಾಧ್ಯಮದ ನಡುವಿನ ಓಡಾಟ ಭಾರತದಲ್ಲಿ ಸಾಮಾನ್ಯ, ಮಾಧ್ಯಮವನ್ನಷ್ಟೇ ನಂಬಿ ಬದುಕಿದವರು ವಿರಳ. ಮೇಲಿನ ಮೂವರೂ ಕರ್ನಾಟಕದಲ್ಲಿ ಹುಟ್ಟಿದವರಲ್ಲ ಎಂಬುದನ್ನೂ ಗಮನಿಸಬೇಕು.

ಕನ್ನಡ ಪ್ರಸಾರ

ಕನ್ನಡದಲ್ಲಿ ಕ್ರೀಡಾ ಪ್ರಸಾರಕ್ಕೆ ದೊಡ್ಡ ಮಟ್ಟದ ನೆಲೆ ಒದಗಿದ್ದು ಸುವರ್ಣ ಪ್ಲಸ್ ವಾಹಿನಿಯಲ್ಲಿ ಬಂದ ಪ್ರೊ ಕಬಡ್ಡಿ, 2018ರ ಐಪಿಎಲ್ ಮತ್ತು 2018ರ ಕೊನೆಯಲ್ಲಿ ಆರಂಭವಾದ ಸ್ಟಾರ್ ಸ್ಪೋರ್ಟ್ಸ್ ಕನ್ನಡ ವಾಹಿನಿಯಿಂದ. ಕ್ರಿಕೆಟ್ಟಿಗೆ ಹಳೆಯ ಆಟಗಾರರ ಒಂದು ಬಳಗವೇ ಬಂತು. 1999ರ ನೈರೋಬಿ ಎಲ್‌ಜಿ ಕಪ್‌ನಲ್ಲಿ ಸರಣಿ ಶ್ರೇಷ್ಠರಾಗಿದ್ದ ವಿಜಯ್ ಭಾರದ್ವಾಜ್, ರಣಜಿ ಆಟಗಾರರಾದ ಜಿ.ಕೆ. ಅನಿಲ್ ಕುಮಾರ್, ಭರತ್ ಚಿಪ್ಲಿ ಕನ್ನಡ ವಿವರಣೆಯಲ್ಲಿ ಪರಿಚಿತ ದನಿಗಳಾದರು. ಚೆಂಡಿನ ತಿರುವು, ಕ್ಷೇತ್ರರಕ್ಷಣೆಯ ಜೋಡಣೆ, ಬ್ಯಾಟರನ ಕಾಲ್ಚಲನೆ ಇವನ್ನು ದಿನಬಳಕೆಯ ಕನ್ನಡದಲ್ಲಿ ಹೇಳಬಹುದೆಂದು ಅವರು ತೋರಿಸಿಕೊಟ್ಟದ್ದು ನಿಜವಾದ ಸಾಧನೆ.

ಐಎಸ್‌ಎಲ್ ಪಂದ್ಯಗಳೂ ಕನ್ನಡದಲ್ಲಿ ಪ್ರಸಾರವಾಗಿವೆ. ಆದರೆ ಫುಟ್‌ಬಾಲಿನ ಕನ್ನಡ ಪ್ರಸಾರ ಕ್ರಿಕೆಟ್ಟಿನಷ್ಟು ನಿರಂತರವಾಗಿ ನಡೆದಿಲ್ಲ. 2022ರ ಕತಾರ್ ವಿಶ್ವಕಪ್ಪನ್ನು ಜಿಯೊಸಿನಿಮಾ ಇಂಗ್ಲಿಷ್, ಹಿಂದಿ, ತಮಿಳು, ಮಲಯಾಳಂ ಮತ್ತು ಬಂಗಾಳಿ ಭಾಷೆಗಳಲ್ಲಿ ಒದಗಿಸಿತು. ವೇಯ್ನ್ ರೂನಿ, ಲೂಯಿಸ್ ಫಿಗೊ, ರಾಬರ್ಟ್ ಪಿರೆಸ್, ಗಿಲ್ಬರ್ಟೊ ಸಿಲ್ವಾ, ಸಾಲ್ ಕ್ಯಾಂಬೆಲ್ ಅವರಂಥ ತಜ್ಞರಿದ್ದ ಆ ಪ್ರಸಾರದಲ್ಲಿ ಕನ್ನಡ ಇರಲಿಲ್ಲ.

ಇದರ ಪರಿಣಾಮ ಹೆಚ್ಚು ತಟ್ಟುವುದು ಬೆಂಗಳೂರಿನ ಆಚೆ. ಕಂಠೀರವ ಕ್ರೀಡಾಂಗಣದಿಂದ ಚಳ್ಳಕೆರೆ ಸುಮಾರು 200 ಕಿ.ಮೀ. ದೂರ. ಕುದಾಪುರ, ಅದರಾಚೆಯ ಮೊಳಕಾಲ್ಮೂರು ಇನ್ನೂ ದೂರ. ವೃತ್ತಿಪರ ಫುಟ್‌ಬಾಲ್ ಅಲ್ಲಿಗೆ ತಲುಪುವುದು ಟಿ.ವಿ. ಮತ್ತು ಮೊಬೈಲ್ ಪರದೆಯ ಮೇಲಷ್ಟೇ. ಆಫ್‌ಸೈಡ್ ಯಾಕಾಯಿತು, ತಂಡ ಯಾಕೆ ಹಿಂದೆ ಸರಿದು ಆಡುತ್ತಿದೆ ಎಂದು ಪಕ್ಕದಲ್ಲಿ ಕೂತು ಹೇಳುವ ಹಿರಿಯ ಆಟಗಾರ ಇಲ್ಲದ ಕಡೆ ಆ ಕೆಲಸ ಪ್ರಸಾರದ ವಿಶ್ಲೇಷಕನದೇ ಆಗುತ್ತದೆ, ಅದು ನೋಡುವವರ ಭಾಷೆಯಲ್ಲಿ ಇದ್ದಾಗ ಮಾತ್ರ ಸಾರ್ಥಕವಾಗುತ್ತದೆ. ಈ ಪ್ರದೇಶದ ವೀಕ್ಷಕರಿಗೆ ಕನ್ನಡ ವಿಶ್ಲೇಷಣೆ ಅಲಂಕಾರವಲ್ಲ, ಆಟ ಕಲಿಯುವ ಸಾಧನ.

ಈಗಿನ ಸ್ಥಿತಿ

ಜಗತ್ತಿನಲ್ಲಿ ಈ ವೃತ್ತಿ ವಾಹಿನಿಗಳ ಹಿಡಿತದಿಂದ ಹೊರಬರುತ್ತಿದೆ. ಲಿನೆಕರ್ ಸಹಸ್ಥಾಪಕರಾಗಿರುವ ಗೋಲ್‌ಹ್ಯಾಂಗರ್ ಸಂಸ್ಥೆ ಇತಿಹಾಸ, ರಾಜಕೀಯ, ಕ್ರೀಡೆಗಳ ಪಾಡ್‌ಕಾಸ್ಟ್‌ಗಳನ್ನು ನಿರ್ಮಿಸುತ್ತದೆ. ನೆವಿಲ್ 2021ರಲ್ಲಿ ‘ದಿ ಓವರ್‌ಲ್ಯಾಪ್’ ಎಂಬ ಸ್ವಂತ ಯೂಟ್ಯೂಬ್ ವಾಹಿನಿ ತೆರೆದರು. ಆಟಗಾರ ಈಗ ವಾಹಿನಿಯ ಅತಿಥಿ ಮಾತ್ರವಲ್ಲ, ಮಾಲೀಕನೂ ಹೌದು. ಅದೇ ಹೊತ್ತಿಗೆ ‘ಮ್ಯಾಚ್ ಆಫ್ ದ ಡೇ’ಯ ನಿರೂಪಣೆ ಲಿನೆಕರ್ ಬಳಿಕ ಕೆಲ್ಲಿ ಕೇಟ್ಸ್, ಮಾರ್ಕ್ ಚಾಪ್‌ಮನ್, ಗ್ಯಾಬಿ ಲೋಗನ್ ಎಂಬ ಮೂವರು ವೃತ್ತಿನಿರತ ಪ್ರಸಾರಕರಿಗೆ ಹಂಚಿಹೋಯಿತು. ಮೂವರಲ್ಲಿ ಯಾರೂ ವೃತ್ತಿಪರ ಫುಟ್‌ಬಾಲ್ ಆಡಿದವರಲ್ಲ.

ಭಾರತದಲ್ಲಿ ಸ್ಟಾರ್ ಮತ್ತು ವಯಕಾಮ್18 ಸಂಸ್ಥೆಗಳು 2024ರ ನವೆಂಬರ್‌ನಲ್ಲಿ ವಿಲೀನಗೊಂಡು, 2025ರ ಫೆಬ್ರವರಿಯಿಂದ ಜಿಯೊಹಾಟ್‌ಸ್ಟಾರ್ ಹೆಸರಿನ ಒಂದೇ ವೇದಿಕೆ ಇದೆ. ವಿಶ್ಲೇಷಕರಿಗಾಗಿ ಪೈಪೋಟಿ ನಡೆಸುವ ವಾಹಿನಿಗಳ ಸಂಖ್ಯೆ ಇದರಿಂದ ಕಡಿಮೆಯಾಯಿತು. ವಾಣಿಜ್ಯ ಹಕ್ಕಿನ ಹದಿನೈದು ವರ್ಷಗಳ ಒಪ್ಪಂದದ ಅವಧಿ ಮುಗಿಯುತ್ತ ಬಂದು ನವೀಕರಣ ಆಗದ ಕಾರಣ 2025ರ ಜುಲೈಯಲ್ಲಿ ಐಎಸ್‌ಎಲ್‌ನ 2025–26ರ ಋತುವನ್ನು ತಡೆಹಿಡಿಯಲಾಯಿತು. ಲೀಗ್ ನಿಂತರೆ ಆಟಗಾರರ ಜೊತೆಗೆ ವಿವರಣೆಗಾರರ ದುಡಿಮೆಯೂ ನಿಲ್ಲುತ್ತದೆ. ಕನ್ನಡದ ಫುಟ್‌ಬಾಲ್ ವಿಶ್ಲೇಷಣೆ ಬೇರೂರಬೇಕಾದರೆ ಪ್ರತಿವರ್ಷ ತಪ್ಪದೆ ನಡೆಯುವ ಲೀಗ್, ಅದರ ಕನ್ನಡ ಪ್ರಸಾರ ಮತ್ತು 2023ರ ಸಂತೋಷ್ ಟ್ರೋಫಿ ಗೆದ್ದ ಪೀಳಿಗೆಯ ಆಟಗಾರರಿಗೆ ಮೈಕಿನ ಮುಂದಿನ ತರಬೇತಿ, ಈ ಮೂರೂ ಬೇಕು.